ಬಲಿತ ಬೀಜದಲ್ಲಿ ಇಲ್ಲದ ರುಚಿ

ಮನೆಯಲ್ಲೇ ಹ್ಯಾಝೆಲ್‌ನಟ್ ಲಿಕ್ಯೂರ್ ಮಾಡಿಕೊಳ್ಳುವುದು ಹೇಗೆಂದು ಬಲ್ಲವರನ್ನು ಕೇಳಿದರೆ ಬರುವ ಉತ್ತರ ಸಾಮಾನ್ಯವಾಗಿ ಒಂದೇ. ಬೀಜವನ್ನು ಹದವಾಗಿ ಹುರಿಯಿರಿ, ತರಿತರಿಯಾಗಿ ಕುಟ್ಟಿ, ವೋಡ್ಕಾದಲ್ಲಿ ಕೆಲವು ವಾರ ನೆನೆಹಾಕಿ, ಸೋಸಿ, ಸಕ್ಕರೆ ಪಾಕ ಬೆರೆಸಿ. ಹ್ಯಾಝೆಲ್‌ನಟ್ ಸಿಗದಿದ್ದರೆ ಬಾದಾಮಿ, ಬಾದಾಮಿ ಬೇಡವಾದರೆ ಅಕ್ರೋಟು. ಬೀಜ ಬದಲಾದರೂ ವಿಧಾನ ಬದಲಾಗುವುದಿಲ್ಲ. ಹೀಗೆ ಮಾಡಿದ್ದು ಅಂಗಡಿಯ ಬಾಟಲಿಯಂತೆ ಘಮ್ಮೆನ್ನದಿದ್ದಾಗ ಎರಡನೆಯ ಸಿದ್ಧ ಉತ್ತರವೂ ಬರುತ್ತದೆ: ಮನೆಯದು ಎಷ್ಟಾದರೂ ಮನೆಯದೇ, ಕಾರ್ಖಾನೆಯ ನಯ ಅದಕ್ಕೆಲ್ಲಿಂದ ಬರಬೇಕು?

ಈ ಎರಡೂ ಮಾತುಗಳನ್ನು ನಾನು ಒಪ್ಪಲಾರೆ. ಮೊದಲನೆಯದು ಬೀಜದ ಬಗೆಗಿನ ತಪ್ಪು ತಿಳಿವಳಿಕೆ, ಎರಡನೆಯದು ಆ ತಪ್ಪಿನ ಮೇಲೆ ಕೊಟ್ಟ ತೀರ್ಪು. ಮದ್ಯಸಾರಕ್ಕೆ ಸಿಹಿಯನ್ನೂ ಹಣ್ಣು, ಬೇರು, ಬೀಜಗಳ ಸತ್ವವನ್ನೂ ಕೂಡಿಸಿ, ಊಟದ ಕೊನೆಗೆ ಪುಟ್ಟ ಲೋಟದಲ್ಲಿ ಗುಟುಕರಿಸುವ ಪಾನೀಯ ಲಿಕ್ಯೂರ್. ಯುರೋಪಿನ ಹಳ್ಳಿಮನೆಗಳಲ್ಲಿ ಅದನ್ನು ಮಾಡುವ ಪದ್ಧತಿ ಹಳೆಯದು. ಆದರೆ ಅಲ್ಲಿನ ಗೃಹಿಣಿಯರು ತಲೆಮಾರುಗಳಿಂದ ಭರಣಿಗೆ ತುಂಬುತ್ತ ಬಂದದ್ದು ಒಣಗಿ ಬಲಿತ ಬೀಜವನ್ನಲ್ಲ. ಆ ಆಯ್ಕೆಯ ಹಿಂದಿನ ಕಾರಣ ಗೊತ್ತಾದರೆ ಮನೆಯ ಬಾಟಲಿಯನ್ನು ಅಂಗಡಿಯ ಬಾಟಲಿಯ ಪಕ್ಕದಲ್ಲಿಟ್ಟು ಅಳೆಯುವ ಅಭ್ಯಾಸ ಎಷ್ಟು ಅನ್ಯಾಯದ್ದೆಂಬುದೂ ಗೊತ್ತಾಗುತ್ತದೆ.

ಬಲಿತ ಬೀಜದೊಳಗೆ ಇರುವುದು ಮುಖ್ಯವಾಗಿ ಎಣ್ಣೆ. ಹ್ಯಾಝೆಲ್‌ನಟ್ ತಿರುಳಿನ ತೂಕದಲ್ಲಿ ಸುಮಾರು ಶೇ. 60, ಅಕ್ರೋಟಿನಲ್ಲಿ ಶೇ. 65ರ ಆಸುಪಾಸು, ಬಾದಾಮಿಯಲ್ಲಿ ಹೆಚ್ಚುಕಡಿಮೆ ಅರ್ಧದಷ್ಟು ಕೊಬ್ಬೇ. ಹುರಿಯುವಾಗ ಅಡುಗೆಮನೆ ತುಂಬುವ ಪರಿಮಳಕ್ಕೆ ಕಾರಣವಾದ ವಸ್ತುಗಳು ಬಹಳ ಅಲ್ಪ ಪ್ರಮಾಣದವು; ಹ್ಯಾಝೆಲ್‌ನಟ್‌ನಲ್ಲಿ ಫಿಲ್ಬರ್ಟೋನ್ ಎಂಬ ಕೀಟೋನ್, ಜೊತೆಗೆ ಹುರಿದಾಗ ಹುಟ್ಟುವ ಪೈರಜೀನ್‌ಗಳು. ಫಿಲ್ಬರ್ಟೋನ್‌ನಂಥವಕ್ಕೆ ನೀರಿಗಿಂತ ಎಣ್ಣೆಯ ಮೇಲೆ ಒಲವು ಹೆಚ್ಚು. ವೋಡ್ಕಾ ಎಂದರೆ ಅರ್ಧಕ್ಕಿಂತ ಹೆಚ್ಚು ನೀರು. ಹಾಗಾಗಿ ನಾಲ್ಕು ವಾರ ನೆನೆಸಿದರೂ ಪರಿಮಳದ ದೊಡ್ಡ ಪಾಲು ಬೀಜದ ಎಣ್ಣೆಯಲ್ಲೇ ಕೂತಿರುತ್ತದೆ. ನಾವು ಸೋಸಿ ಚೆಲ್ಲುವ ಹಿಂಡಿಯಲ್ಲೇ ನಮಗೆ ಬೇಕಾದದ್ದು ಹೊರಟುಹೋಗುತ್ತದೆ.

ಹಾಗಾದರೆ ಇನ್ನೂ ಕಟುವಾದ ಮದ್ಯಸಾರ ಬಳಸೋಣ ಎಂದುಕೊಂಡರೆ ಬೇರೊಂದು ತೊಡಕು. ಶೇ. 95ರ ಮದ್ಯಸಾರ ಸ್ವಲ್ಪ ಎಣ್ಣೆಯನ್ನೂ ಕರಗಿಸಿಕೊಳ್ಳುತ್ತದೆ, ಪರಿಮಳವನ್ನೂ ತರುತ್ತದೆ. ಆದರೆ ಅದಕ್ಕೆ ಸಕ್ಕರೆ ಪಾಕ ಸೇರಿಸಿದೊಡನೆ ನೀರಿನ ಪ್ರಮಾಣ ಏರಿ ಎಣ್ಣೆ ಹೊರಬೀಳುತ್ತದೆ, ತಿಳಿಯಾಗಿದ್ದದ್ದು ಕದಡುತ್ತದೆ, ಮೇಲೆ ತೆಳುವಾದ ಜಿಡ್ಡಿನ ಪೊರೆ ಕಟ್ಟುತ್ತದೆ. ಗಾಳಿ ತಾಗುವ ಆ ಪೊರೆಗೆ ಕೆಲವು ತಿಂಗಳಲ್ಲಿ ಕಮಟು ಹತ್ತುತ್ತದೆ. ಅಕ್ರೋಟಿನ ಎಣ್ಣೆಗಂತೂ ಇದು ಬೇಗ, ಏಕೆಂದರೆ ಆ ಎಣ್ಣೆಯ ಆಮ್ಲಗಳು ಗಾಳಿಯೊಂದಿಗೆ ಸುಲಭವಾಗಿ ವರ್ತಿಸುವ ಜಾತಿಯವು. ಫ್ರೀಜರಿನಲ್ಲಿಟ್ಟು ಎಣ್ಣೆಯನ್ನು ಹೆಪ್ಪುಗಟ್ಟಿಸಿ ತೆಗೆಯಿರಿ ಎನ್ನುವ ಸಲಹೆ ಬೆಣ್ಣೆಗೆ ಸಲ್ಲುತ್ತದೆ. ಬೀಜದ ಎಣ್ಣೆ ಅಷ್ಟು ಸುಲಭಕ್ಕೆ ಗಟ್ಟಿಯಾಗುವುದಿಲ್ಲ.

ಕಾರ್ಖಾನೆಗಳು ಈ ತೊಡಕನ್ನು ಬಟ್ಟಿ ಇಳಿಸಿ ದಾಟುತ್ತವೆ. ಇಟಲಿಯ ಪಿಯೆಮೊಂತೆ ಪ್ರಾಂತ್ಯದ ಕನಾಲೆ ಊರಿನಲ್ಲಿ ತಯಾರಾಗುವ, ಸನ್ಯಾಸಿಯ ನಿಲುವಂಗಿಯ ಆಕಾರದ ಬಾಟಲಿಯಲ್ಲಿ ಬರುವ ಫ್ರಾಂಜೆಲಿಕೊವನ್ನೇ ತೆಗೆದುಕೊಳ್ಳಿ. ಹುರಿದ ಹ್ಯಾಝೆಲ್‌ನಟ್ಟನ್ನು ಮದ್ಯಸಾರದಲ್ಲಿ ನೆನೆಸಿ ಬಟ್ಟಿ ಇಳಿಸುತ್ತಾರೆ. ಎಣ್ಣೆ ಹಂಡೆಯಲ್ಲೇ ಉಳಿದು, ಆವಿಯಾಗುವ ಪರಿಮಳವಷ್ಟೇ ಮೇಲೇರುತ್ತದೆ. ಆಮೇಲೆ ಕೋಕೋ, ವೆನಿಲಾ, ಸಕ್ಕರೆ, ಕ್ಯಾರಮೆಲ್ ಬಣ್ಣ. ನಾವು ಹ್ಯಾಝೆಲ್‌ನಟ್ ರುಚಿ ಎಂದು ಮೆಚ್ಚುವುದರಲ್ಲಿ ವೆನಿಲಾದ ಪಾಲು ಸಣ್ಣದಲ್ಲ. ಇದು ಕುಶಲ ಕೆಲಸ, ಹೀಗಳೆಯುವ ಕಾರಣವಿಲ್ಲ. ಆದರೆ ಬಟ್ಟಿ ಇಳಿಸುವುದು ಮನೆಯಲ್ಲಿ ಮಾಡುವ ಕೆಲಸವಲ್ಲ. ಭಾರತದಲ್ಲೂ ಇಟಲಿಯಲ್ಲೂ ಪರವಾನಗಿಯಿಲ್ಲದೆ ಅದು ಅಪರಾಧ. ಒಂದು ಮುಖ್ಯ ಹಂತವೇ ಮನೆಗೆ ನಿಷಿದ್ಧವಾಗಿರುವಾಗ ಅದೇ ಫಲವನ್ನು ಮನೆಯಿಂದ ನಿರೀಕ್ಷಿಸಿ, ಬರಲಿಲ್ಲವೆಂದು ಮನೆಯನ್ನೇ ದೂರುವುದು ಸರಿಯೆ?

ಬಾದಾಮಿಯ ವಿಷಯದಲ್ಲಿ ತಪ್ಪು ಇನ್ನೂ ಆಳ. ಅಮರೆತ್ತೊ ಎಂಬ ಇಟಲಿಯ ಲಿಕ್ಯೂರ್ ಬಾದಾಮಿಯದ್ದೆಂದೇ ಬಹುಮಂದಿಯ ನಂಬಿಕೆ. ಅದರಲ್ಲಿ ಅತ್ಯಂತ ಹೆಸರಾದ ದಿಸರೊನ್ನೊದಲ್ಲಿ ಬಾದಾಮಿಯೇ ಇಲ್ಲ. ತಯಾರಕರೇ ಇದನ್ನು ಹೇಳುತ್ತಾರೆ. ಮಿಲಾನಿನ ಹತ್ತಿರದ ಸರೊನ್ನೊ ಊರಿನ ಕಥೆಯಲ್ಲೂ ಬಾದಾಮಿ ಬರುವುದಿಲ್ಲ. 1525ರಲ್ಲಿ ಅಲ್ಲಿನ ದೇವಾಲಯಕ್ಕೆ ಚಿತ್ರ ಬರೆಯಲು ಬಂದ ಬೆರ್ನಾರ್ದಿನೊ ಲುಯಿನಿಗೆ, ಅವನ ಚಿತ್ರಕ್ಕೆ ರೂಪದರ್ಶಿಯಾದ ವಿಧವೆಯೊಬ್ಬಳು ಏಪ್ರಿಕಾಟ್ ಬೀಜ ನೆನೆಹಾಕಿದ ಬ್ರಾಂದಿಯನ್ನು ಕಾಣಿಕೆಯಾಗಿ ಕೊಟ್ಟಳು ಎನ್ನುತ್ತದೆ ಆ ದಂತಕಥೆ. ಚಿತ್ರಕಾರ ಅಲ್ಲಿ ಕೆಲಸ ಮಾಡಿದ್ದು ನಿಜ, ಕಾಣಿಕೆಯ ಕಥೆ ಮಾರಾಟಗಾರರು ಪ್ರೀತಿಯಿಂದ ಸಾಕಿಕೊಂಡು ಬಂದದ್ದು. ಆದರೂ ಏಪ್ರಿಕಾಟ್ ಎಂದ ಮಾತು ಮಾತ್ರ ಗಟ್ಟಿ.

ನಾವು ಬಾದಾಮಿಯ ಪರಿಮಳ ಎಂದು ಗುರುತಿಸುವ, ಕೇಕಿನ ಎಸೆನ್ಸ್ ಬಾಟಲಿಯಿಂದ ಬರುವ ವಾಸನೆ ಬೆಂಜಾಲ್ಡಿಹೈಡ್‌ನದು. ಅದು ಹುಟ್ಟುವುದು ಅಮಿಗ್ಡಲಿನ್ ಎಂಬ ವಸ್ತು ಒಡೆದಾಗ. ಕಹಿ ಬಾದಾಮಿಯಲ್ಲೂ ಏಪ್ರಿಕಾಟಿನ ಓಟೆಯೊಳಗಿನ ಬೀಜದಲ್ಲೂ ಅಮಿಗ್ಡಲಿನ್ ಧಾರಾಳವಾಗಿದೆ. ನಾವು ರಾತ್ರಿ ನೆನೆಹಾಕಿ ಬೆಳಿಗ್ಗೆ ಸಿಪ್ಪೆ ಸುಲಿದು ತಿನ್ನುವ ಸಿಹಿ ಬಾದಾಮಿಯಲ್ಲಿ ಅದು ಇಲ್ಲವೆನ್ನುವಷ್ಟು ಕಡಿಮೆ. ಕಾಡಿನ ಕಹಿ ಬಾದಾಮಿ ನಮ್ಮ ಸಿಹಿ ಬಾದಾಮಿಯಾದದ್ದು ಒಂದೇ ಜೀನಿನಲ್ಲಾದ ಬದಲಾವಣೆಯಿಂದ ಎಂದು 2019ರಲ್ಲಿ ಪ್ರಕಟವಾದ ಸಂಶೋಧನೆಯೊಂದು ತೋರಿಸಿತು. ಆ ಬದಲಾವಣೆ ಬಾದಾಮಿಯನ್ನು ತಿನ್ನುವಂತೆ ಮಾಡಿತು, ಜೊತೆಗೇ ಆ ವಾಸನೆಯನ್ನೂ ಕಳೆಯಿತು. ಹಾಗಿರುವಾಗ ಅಂಗಡಿಯ ಬಾದಾಮಿಯನ್ನು ಎಷ್ಟು ವಾರ ವೋಡ್ಕಾದಲ್ಲಿ ಮುಳುಗಿಸಿದರೂ ಅಮರೆತ್ತೊ ಬರುವುದು ಹೇಗೆ?

ಇಲ್ಲಿ ಒಂದು ಅಪಾಯವನ್ನೂ ಹೇಳಬೇಕು. ಅಮಿಗ್ಡಲಿನ್ ಒಡೆದಾಗ ಬೆಂಜಾಲ್ಡಿಹೈಡ್ ಒಂದೇ ಹೊರಬರುವುದಿಲ್ಲ, ಹೈಡ್ರೊಜನ್ ಸಯನೈಡ್ ಕೂಡ ಬರುತ್ತದೆ. ಹಸಿ ಏಪ್ರಿಕಾಟ್ ಬೀಜಗಳಲ್ಲಿ ಸಣ್ಣವು ಮೂರಕ್ಕಿಂತ ಹೆಚ್ಚಾದರೆ ವಯಸ್ಕರಿಗೂ ಸುರಕ್ಷಿತ ಮಿತಿ ಮೀರುತ್ತದೆಂದು ಯುರೋಪಿನ ಆಹಾರ ಸುರಕ್ಷತಾ ಪ್ರಾಧಿಕಾರ 2016ರಲ್ಲಿ ಎಚ್ಚರಿಸಿತು. ಕಾರ್ಖಾನೆಯಲ್ಲಿ ಸಯನೈಡನ್ನು ತೆಗೆಯುವ, ಅಳೆಯುವ ವ್ಯವಸ್ಥೆ ಇರುತ್ತದೆ. ಮನೆಯಲ್ಲಿ ಅಳೆಯುವ ಸಾಧನ ಯಾವುದೂ ಇಲ್ಲ. ಸಹಜ, ಸಾಂಪ್ರದಾಯಿಕ ಎಂದು ಹೊಗಳುತ್ತ ಏಪ್ರಿಕಾಟಿನ ಓಟೆ ಒಡೆದು ಭರಣಿಗೆ ಸುರಿಯಿರಿ ಎನ್ನುವವರ ಮಾತನ್ನು ದಯವಿಟ್ಟು ಕೇಳಬೇಡಿ. ಅಮರೆತ್ತೊ ಬೇಕಾದವರು ಅಮರೆತ್ತೊವನ್ನೇ ಕೊಳ್ಳುವುದು ಉತ್ತಮ.

ಮನೆಗೆ ಉಳಿದದ್ದೇನು ಎಂದರೆ, ಕಾರ್ಖಾನೆಗಿಂತ ಮನೆಯೇ ಚೆನ್ನಾಗಿ ಮಾಡಬಲ್ಲ ಒಂದು ಲಿಕ್ಯೂರ್ ಇದೆ. ಅದು ಇಟಲಿಯ ಎಮಿಲಿಯ-ರೊಮಾಞ ಪ್ರಾಂತ್ಯದ, ಅದರಲ್ಲೂ ಮೊಡೆನಾ ಸುತ್ತಲಿನ ನೊಚೀನೊ. ಜೂನ್ ತಿಂಗಳಲ್ಲಿ ಅಕ್ರೋಟಿನ ಮರದಿಂದ ಇನ್ನೂ ಎಳೆಯದಾದ, ಹೊರಗೆ ಹಸಿರು ಸಿಪ್ಪೆ, ಒಳಗೆ ಓಡು ಕಟ್ಟದ, ತಿರುಳಿನ ಜಾಗದಲ್ಲಿ ಲೋಳೆಯಂಥ ಪದಾರ್ಥವಿರುವ ಕಾಯಿಗಳನ್ನು ಕಿತ್ತು, ಸಿಪ್ಪೆಸಮೇತ ನಾಲ್ಕಾಗಿ ಸೀಳಿ ಮದ್ಯಸಾರದಲ್ಲಿ ಹಾಕುತ್ತಾರೆ. ಈ ಕಾಯಿಯಲ್ಲಿ ಎಣ್ಣೆ ಇನ್ನೂ ಕೂಡಿಲ್ಲ. ಐದರಲ್ಲಿ ನಾಲ್ಕು ಪಾಲು ನೀರೇ. ಉಳಿದದ್ದರಲ್ಲಿ ಒಗರು ಕೊಡುವ ಟ್ಯಾನಿನ್, ಸುವಾಸನೆಯ ಅಂಶಗಳು, ಕಪ್ಪು ಬಣ್ಣ ತರುವ ಜುಗ್ಲೋನ್‌ಗೆ ಮೂಲವಾದ ಬಣ್ಣವಿಲ್ಲದ ವಸ್ತು. ಇವೆಲ್ಲವೂ ನೀರು ಬೆರೆತ ಮದ್ಯಸಾರಕ್ಕೆ ಸಲೀಸಾಗಿ ಇಳಿದುಬರುತ್ತವೆ. ಬಲಿತ ಬೀಜದ ಎಣ್ಣೆ ತಡೆಹಿಡಿದದ್ದನ್ನು ಎಳೆಗಾಯಿ ತಾನಾಗಿಯೇ ಬಿಟ್ಟುಕೊಡುತ್ತದೆ.

ಮೊದಲ ದಿನ ಭರಣಿಯ ದ್ರವ ಎಳೆ ಹುಲ್ಲಿನ ಹಸಿರು. ಕೆಲವೇ ದಿನಗಳಲ್ಲಿ ಗಾಳಿಯ ಆಮ್ಲಜನಕದೊಡನೆ ಬೆರೆತು ಕಂದಾಗುತ್ತದೆ, ವಾರಗಳು ಕಳೆದಂತೆ ಕಾಫಿ ಕಷಾಯದಷ್ಟು ಕಪ್ಪು. ಕಾಯಿ ಸೀಳಿದವರ ಬೆರಳುಗಳಿಗೂ ಅದೇ ಕಪ್ಪು ಹತ್ತಿ ದಿನಗಟ್ಟಲೆ ಉಳಿಯುತ್ತದೆ. ರುಚಿ ಮೊದಲು ನಾಲಿಗೆ ಸುಕ್ಕುಗಟ್ಟಿಸುವ ಒಗರು ಮತ್ತು ಕಹಿ. ತಿಂಗಳುಗಳು ಕಳೆದಂತೆ ಟ್ಯಾನಿನ್ನಿನ ಕಣಗಳು ಒಂದಕ್ಕೊಂದು ಕೂಡಿ ದೊಡ್ಡದಾಗಿ, ಒಂದಿಷ್ಟು ತಳಕ್ಕಿಳಿದು, ಒಗರು ಮೃದುವಾಗುತ್ತದೆ. ಕೊನೆಗೆ ಉಳಿಯುವ ರುಚಿಯಲ್ಲಿ ಒಣ ಅಕ್ರೋಟಿನ ನೆನಪು ಹೆಚ್ಚಿಲ್ಲ. ಹಸಿ ಎಲೆ, ಸುಟ್ಟ ಸಕ್ಕರೆ, ಕಿತ್ತಳೆ ಸಿಪ್ಪೆಯ ಕಹಿ, ಯಾವುದೋ ಬೇರಿನ ಖಾರ ಎಲ್ಲ ಸೇರಿದ, ತನ್ನದೇ ಆದ ಒಂದು ರುಚಿ ಅದು. ಹಲವರಿಗೆ ಇಲ್ಲಿಯೇ ನಿರಾಸೆ. ಅಕ್ರೋಟಿನ ರುಚಿಯೇ ಇಲ್ಲವಲ್ಲ ಎನ್ನುತ್ತಾರೆ. ಅಕ್ರೋಟಿನ ಮರ ಜೂನಿನಲ್ಲಿ ಕೊಡುವ ರುಚಿ ಅದು, ಸೆಪ್ಟೆಂಬರಿನಲ್ಲಿ ಕೊಡುವುದು ಬೇರೆ. ಎರಡನ್ನೂ ಒಂದೇ ನಾಲಿಗೆಯಿಂದ ಅಳೆದರೆ ಜೂನಿನದಕ್ಕೆ ಯಾವತ್ತೂ ನ್ಯಾಯ ಸಿಗದು.

ಮೊಡೆನಾದ ದಕ್ಷಿಣಕ್ಕೆ ಪನಾರೊ ನದಿಯ ದಡದಲ್ಲಿ ಹತ್ತಿರಹತ್ತಿರದ ಎರಡು ಊರುಗಳಿವೆ. ಚೆರಿ ಹಣ್ಣಿಗೆ ಹೆಸರಾದ ವಿನ್ಯೋಲಾದ ತೊಸ್ಕಿ ಕಂಪೆನಿ ನೊಚೆಲ್ಲೊ ಎಂಬ ಸಿಹಿಯಾದ, ಹೊಂಬಣ್ಣದ, ಬಲಿತ ಅಕ್ರೋಟಿನ ಘಮವಿರುವ ಲಿಕ್ಯೂರನ್ನು ತಯಾರಿಸುತ್ತದೆ. ಪಕ್ಕದ ಸ್ಪಿಲಂಬೆರ್ತೊದಲ್ಲಿ 1978ರಲ್ಲಿ ಕೆಲವು ಹೆಂಗಸರು ಸೇರಿ ಮನೆಯ ನೊಚೀನೊದ ಪದ್ಧತಿ ಅಳಿಯಬಾರದೆಂದು ಮೊಡೆನಾ ನೊಚೀನೊ ಬಳಗವನ್ನು ಕಟ್ಟಿದರು. ಒಂದೇ ಮರದ ಎರಡು ವಯಸ್ಸು ಎರಡು ಊರುಗಳಲ್ಲಿ ಎರಡು ಬಗೆಯ ಬಾಟಲಿಗಳಾದವು. ಮೊದಲನೆಯದು ಎಲ್ಲರಿಗೂ ತಕ್ಷಣ ಇಷ್ಟವಾಗುತ್ತದೆ. ಎರಡನೆಯದಕ್ಕೆ ಕುಡಿಯುವವರಿಂದಲೂ ಒಂದಿಷ್ಟು ಶ್ರಮ ಬೇಕು. ನನ್ನ ಮಟ್ಟಿಗೆ ಎರಡನೆಯದರ ಮುಂದೆ ಮೊದಲನೆಯದು ನಿಲ್ಲುವುದಿಲ್ಲ. ಯುರೋಪಿನ ಕಾನೂನೂ ಈ ಭೇದವನ್ನು ಗುರುತಿಸಿದೆ: 2019ರ ಮದ್ಯ ನಿಯಮಾವಳಿಯ ಪ್ರಕಾರ ನೊಚೀನೊ ಎನ್ನಿಸಿಕೊಳ್ಳಲು ರುಚಿ ಮುಖ್ಯವಾಗಿ ಇಡೀ ಹಸಿರು ಅಕ್ರೋಟುಕಾಯಿಯಿಂದಲೇ ಬಂದಿರಬೇಕು, ಮದ್ಯಸಾರ ಶೇ. 30ಕ್ಕೆ ಕಡಿಮೆಯಿರಬಾರದು, ಲೀಟರಿಗೆ ಕನಿಷ್ಠ 100 ಗ್ರಾಂ ಸಕ್ಕರೆ ಇರಬೇಕು.

ಇಷ್ಟರವರೆಗೆ ನೊಚೀನೊದ ಪರ ಮಾತಾಡಿದ್ದಾಯಿತು. ಆದರೆ ಅದರ ಅಭಿಮಾನಿಗಳ ನಡುವೆಯೂ ಬೇರೂರಿದ ನಂಬಿಕೆಗಳಿವೆ. ಎಲ್ಲಕ್ಕಿಂತ ದೊಡ್ಡದು ಸಂತ ಜಾನನ ಹಬ್ಬದ್ದು. ಜೂನ್ 23ರ ರಾತ್ರಿ ಬರಿಗಾಲಿನ ಹೆಂಗಸರು ಮರ ಹತ್ತಬೇಕು, ಕಾಯಿಗಳ ಸಂಖ್ಯೆ ಬೆಸವಿರಬೇಕು, ಲೋಹ ತಾಗಬಾರದು, ಕಿತ್ತ ಕಾಯಿ ಇಡೀ ರಾತ್ರಿ ಇಬ್ಬನಿಯಲ್ಲಿರಬೇಕು, 24ರ ಬೆಳಿಗ್ಗೆ ಭರಣಿಗೆ ಸೇರಬೇಕು. ಇಂದಿಗೂ ನೊಚೀನೊ ಎಂದೊಡನೆ ಬರೆಯುವವರು ಮೊದಲು ಬರೆಯುವುದು ಈ ರಾತ್ರಿಯ ವರ್ಣನೆಯನ್ನೇ. ಆ ಆಚರಣೆಯ ಸೊಗಸನ್ನು ನಾನೂ ಪ್ರೀತಿಸುತ್ತೇನೆ. ದಿನ ತಪ್ಪಿದರೆ ನೊಚೀನೊ ಕೆಡುತ್ತದೆ, ದಿನ ಸರಿಯಿದ್ದರೆ ಚೆನ್ನಾಗಿರುತ್ತದೆ ಎಂಬ ಮಾತು ಬಂದಾಗ ಮಾತ್ರ ಅದನ್ನು ವಿರೋಧಿಸಲೇಬೇಕಾಗುತ್ತದೆ.

ಇಟಲಿಯ ಮನೆಯಡುಗೆಗೆ ತಳಹದಿಯಾದ ಪುಸ್ತಕವನ್ನು 1891ರಲ್ಲಿ ಹೊರತಂದ ಪೆಲೆಗ್ರೀನೊ ಆರ್ತೂಸಿ ರೊಮಾಞದವನೇ, ಫೊರ್ಲಿಂಪೊಪೊಲಿ ಊರಿನವನು. ಅವನ ಪುಸ್ತಕದಲ್ಲಿ ನೊಚೀನೊ ಇದೆ. ಮಾಡಬೇಕಾದ ಕಾಲ ಎಂದು ಅವನು ಹೇಳಿದ್ದು ಜೂನ್ ನಡುಭಾಗ, ಕಾಯಿ ಪೂರ್ತಿ ಬಲಿಯುವ ಮುನ್ನ. ಅಂದರೆ ಅವನ ಕಣ್ಣು ಇದ್ದದ್ದು ಪಂಚಾಂಗದ ಮೇಲಲ್ಲ, ಕಾಯಿಯ ಮೇಲೆ. ಅಕ್ರೋಟಿನ ತಳಿಗಳಲ್ಲಿ ಬೇಗ ಚಿಗುರುವವು ಇವೆ, ಫ್ರಾನ್ಸಿನ ಫ್ರಾಂಕೆತ್ ತಳಿಯಂತೆ ವಾರಗಟ್ಟಲೆ ತಡವಾಗಿ ಚಿಗುರುವವೂ ಇವೆ. ಬಯಲಿನ ಮರ ಮುಂದೆ, ಬೆಟ್ಟದ ಮರ ಹಿಂದೆ. ವಸಂತ ಬೆಚ್ಚಗಿದ್ದ ವರ್ಷ ಓಡು ಬೇಗ ಗಟ್ಟಿಕಟ್ಟುತ್ತದೆ, ತಂಪಿದ್ದ ವರ್ಷ ತಡ. ಇಷ್ಟೆಲ್ಲ ಏರುಪೇರಿರುವಾಗ ಒಂದೇ ತಾರೀಖು ಎಲ್ಲ ಮರಗಳಿಗೂ ಹೇಗೆ ಹೊಂದೀತು? ಓಡು ಗಟ್ಟಿಕಟ್ಟಿದ ಮೇಲೆ ಸೀಳಿದ ಕಾಯಿಯಲ್ಲಿ ಮರದ ಚೂರಿನ ವಾಸನೆ ಸೇರುತ್ತದೆ, ರಸ ಕಡಿಮೆಯಾಗುತ್ತದೆ. ತೀರಾ ಎಳೆಯದಾದರೆ ಬರೀ ಕಹಿ ನೀರು.

ಮಲೆನಾಡಿನ ಅಪ್ಪೆಮಿಡಿ ಉಪ್ಪಿನಕಾಯಿ ಹಾಕುವ ಮನೆಗಳಿಗೆ ಈ ಮಾತನ್ನು ಬಿಡಿಸಿ ಹೇಳಬೇಕಿಲ್ಲ. ಮಿಡಿಯೊಳಗೆ ಓಟೆ ಕಟ್ಟುವ ಮುನ್ನ ಕೊಯ್ಯಬೇಕು, ಕಟ್ಟಿದೆಯೇ ಇಲ್ಲವೇ ಎಂದು ಒಂದು ಮಿಡಿ ಕತ್ತರಿಸಿ ನೋಡಬೇಕು, ಈ ಮರದ್ದು ಆಯಿತು ಆ ಮರದ್ದಕ್ಕೆ ಇನ್ನೊಂದು ವಾರ ಎಂದು ಮರಮರವನ್ನೂ ಬೇರೆಬೇರೆ ಎಣಿಸಬೇಕು. ಮೊಡೆನಾದ ಅನುಭವಿಗಳ ಪರೀಕ್ಷೆಯೂ ಇಷ್ಟೇ ಸರಳ. ಹೊಲಿಗೆಯ ಸೂಜಿಯನ್ನು ಕಾಯಿಯ ಒಂದು ಬದಿಯಿಂದ ಚುಚ್ಚಿದರೆ ತಡೆಯಿಲ್ಲದೆ ಇನ್ನೊಂದು ಬದಿಗೆ ಬರಬೇಕು. ನಡುವೆ ಗಟ್ಟಿ ತಗುಲಿದರೆ ಆ ಮರದ ಕಾಲ ಮುಗಿಯಿತು. ಇಡೀ ಕಲೆಯ ಅತಿ ಮುಖ್ಯ ಸಾಧನ ಒಂದು ಸೂಜಿ ಎಂದು ಹೇಳಿದರೆ ಅದು ಉತ್ಪ್ರೇಕ್ಷೆಯಲ್ಲ. ಆದರೂ ಹಬ್ಬದ ರಾತ್ರಿಗೆ ಪುಟಗಟ್ಟಲೆ ಜಾಗ ಸಿಗುತ್ತದೆ, ಸೂಜಿಗೆ ಒಂದು ಸಾಲು.

ಲೋಹ ತಾಗಿಸಬಾರದೆಂಬ ನಿಯಮಕ್ಕೆ ಮಾತ್ರ ಒಂದು ಕಾಲದಲ್ಲಿ ನಿಜವಾದ ಆಧಾರವಿತ್ತು. ಟ್ಯಾನಿನ್ ಮತ್ತು ಕಬ್ಬಿಣ ಕೂಡಿದರೆ ಮಸಿ ಹುಟ್ಟುತ್ತದೆ. ಯುರೋಪಿನ ಹಸ್ತಪ್ರತಿಗಳನ್ನು ಶತಮಾನಗಳ ಕಾಲ ಬರೆದದ್ದು ಇದೇ ಜಾತಿಯ ಮಸಿಯಲ್ಲಿ. ಹಳೆಯ ಕಬ್ಬಿಣದ ಚಾಕುವಿನಲ್ಲಿ ಸೀಳಿದ ಕಾಯಿ ಕಪ್ಪಾಗಿ ಲೋಹದ ರುಚಿ ಹತ್ತುತ್ತಿದ್ದಿರಬೇಕು. ಸ್ಟೇನ್‌ಲೆಸ್ ಸ್ಟೀಲ್ ಅಡುಗೆಮನೆಗೆ ಬಂದಮೇಲೆ ಆ ಭಯಕ್ಕೆ ಅರ್ಥವಿಲ್ಲ. ಕಾರಣ ಹೋದರೂ ನಿಷೇಧ ಉಳಿದಿದೆ. ಸೆರಾಮಿಕ್ ಚಾಕು ಕೊಳ್ಳಲು ದುಡ್ಡು ಸುರಿಯುವವರು ಆ ದುಡ್ಡಿನಲ್ಲಿ ಒಳ್ಳೆಯ ಮದ್ಯಸಾರ ಕೊಳ್ಳುವುದು ಮೇಲು.

ಇನ್ನು ಮಸಾಲೆಯ ವಿಷಯ. ಪ್ರತಿಯೊಂದು ಮನೆಗೂ ಒಂದು ಗುಟ್ಟಿನ ಪಾಠವಿದೆ, ಅಜ್ಜಿಯ ಕೈಯ ಲವಂಗ, ಚಕ್ಕೆ, ಜಾಯಿಕಾಯಿ, ನಿಂಬೆಸಿಪ್ಪೆ, ಕಾಫಿಬೀಜಗಳ ಅಳತೆಯಲ್ಲೇ ನೊಚೀನೊದ ಜೀವವಿದೆ ಎಂಬುದು ಜನಪ್ರಿಯ ನಂಬಿಕೆ. ಸ್ಪಿಲಂಬೆರ್ತೊದ ಬಳಗ ಒಪ್ಪಿಕೊಂಡ ಪಾಠದಲ್ಲಿ ಗುಟ್ಟೇನೂ ಇಲ್ಲ: ಶೇ. 95ರ ಮದ್ಯಸಾರ ಒಂದು ಲೀಟರ್, ಹಸಿರು ಕಾಯಿ ಒಂದು ಕಿಲೊ, ಅಂದರೆ ಗಾತ್ರ ನೋಡಿಕೊಂಡು 33ರಿಂದ 35, ಸಕ್ಕರೆ 700ರಿಂದ 900 ಗ್ರಾಂ. ಲವಂಗ, ಚಕ್ಕೆ ಬೇಕಾದರೆ ಹಾಕಬಹುದು, ಅದೂ ಸ್ವಲ್ಪ ಮಾತ್ರ. ನನಗೆ ಇದಕ್ಕಿಂತ ಸರಿಯಾದ ವಿಮರ್ಶೆ ಕಾಣದು. ಲವಂಗದಲ್ಲಿರುವ ಯೂಜೆನಾಲ್ ಎಷ್ಟು ಬಲಿಷ್ಠವೆಂದರೆ ನಾಲ್ಕು ಲವಂಗ ಹೆಚ್ಚಾದರೂ ಅಕ್ರೋಟು ಹಿಂದೆ ಸರಿದು ಇಡೀ ಬಾಟಲಿ ಹಲ್ಲುನೋವಿನ ಔಷಧಿಯ ವಾಸನೆ ಬೀರುತ್ತದೆ. ಕಾಯಿ ಸರಿಯಾದ ಹದದ್ದಾಗಿದ್ದರೆ ಮಸಾಲೆಯ ಹಂಗಿಲ್ಲ. ಮಸಾಲೆಯ ಮೇಲೆ ಭಾರ ಹಾಕಿದ ನೊಚೀನೊ ಬಹುಪಾಲು ಬಲಿತ ಕಾಯಿಯ ತಪ್ಪನ್ನು ಮುಚ್ಚಿಕೊಳ್ಳುತ್ತಿರುತ್ತದೆ. ಅಜ್ಜಿಯ ಕೈ ಗುಣವೆಂದು ಮೊಮ್ಮಕ್ಕಳು ನೆನೆಯುವುದು ಲವಂಗದ ಎಣಿಕೆಯನ್ನಾದರೂ, ಅಜ್ಜಿ ನಿಜಕ್ಕೂ ಬಲ್ಲವಳಾಗಿದ್ದುದು ಯಾವ ಮರದ ಕಾಯಿಯನ್ನು ಯಾವಾಗ ಕೀಳಬೇಕೆಂಬುದನ್ನು.

ಬಿಸಿಲಿನಲ್ಲಿ ಇಡಬೇಕೆಂಬುದೂ, ಎಷ್ಟು ವರ್ಷ ಇಟ್ಟರೆ ಅಷ್ಟು ಒಳ್ಳೆಯದೆಂಬುದೂ ಅರೆಸತ್ಯಗಳು. ಬಿಸಿಲು ಕೊಡುವುದು ಬೆಚ್ಚನೆಯನ್ನು. ಕಪ್ಪು ಬರುವುದು ಗಾಳಿಯಿಂದ, ಕತ್ತಲಲ್ಲಿಟ್ಟರೂ ಬರುತ್ತದೆ. ಎರಡು ತಿಂಗಳು ನೆನೆದ ಮೇಲೆ ಸೋಸಿ ಒಂದು ವರ್ಷ ಇಟ್ಟರೆ ಒಗರು ಇಳಿಯುತ್ತದೆ, ಎರಡನೆಯ ವರ್ಷವೂ ಒಳ್ಳೆಯದನ್ನೇ ಮಾಡುತ್ತದೆ. ಅದರಾಚೆಗೆ ಹಸಿ ಕಾಯಿಯ ಚುರುಕು ಮಂದವಾಗುತ್ತ ಹೋಗಿ ಸುಟ್ಟ ಸಕ್ಕರೆಯ ಸಿಹಿಯೊಂದೇ ಮೇಲಾಗುವುದನ್ನು ಕಾಣಬಹುದು. ಹತ್ತು ವರ್ಷದ ಬಾಟಲಿಯನ್ನು ತೋರಿಸಿ ಹೆಮ್ಮೆಪಡುವವರು ವಯಸ್ಸನ್ನು ರುಚಿಯೆಂದು ತಿಳಿದಿದ್ದಾರೆ.

ಹೊಟ್ಟೆಗೆ ಒಳ್ಳೆಯದು ಎಂಬ ಮಾತಿನ ಬಗ್ಗೆ ಹೆಚ್ಚು ಹೇಳಬೇಕಾಗಿಲ್ಲ. ಆರ್ತೂಸಿಯೂ ಹಾಗೆ ನಂಬಿದ್ದ. ಶೇ. 40ರ ಮದ್ಯಸಾರ, ಲೀಟರಿಗೆ ನೂರಾರು ಗ್ರಾಂ ಸಕ್ಕರೆ ಇರುವ ಪಾನೀಯ ಔಷಧವಲ್ಲ. ಮದ್ಯಕ್ಕೆ ಸುರಕ್ಷಿತ ಪ್ರಮಾಣವೆಂಬುದೇ ಇಲ್ಲವೆಂದು ವಿಶ್ವ ಆರೋಗ್ಯ ಸಂಸ್ಥೆ 2023ರಲ್ಲಿ ಹೇಳಿತು. ರುಚಿಗಾಗಿ ಕುಡಿಯುವವರು ರುಚಿಗಾಗಿ ಎಂದೇ ಒಪ್ಪಿಕೊಳ್ಳಲಿ.

ನಮ್ಮಲ್ಲಿ ಮನೆಯಲ್ಲಿ ಮದ್ಯ ಎಂದೊಡನೆ ಬೇರೊಂದು ಭಯ ಮುಂದೆ ಬರುತ್ತದೆ, ಅದಕ್ಕೆ ಕಾರಣವೂ ಇದೆ. 1981ರಲ್ಲಿ ಬೆಂಗಳೂರಿನಲ್ಲಿ ಕಳ್ಳಭಟ್ಟಿ ಕುಡಿದು 300ಕ್ಕೂ ಹೆಚ್ಚು ಜನ ಸತ್ತರು. 2024ರಲ್ಲಿ ತಮಿಳುನಾಡಿನ ಕಳ್ಳಕುರಿಚಿಯಲ್ಲಿ 60ಕ್ಕೂ ಹೆಚ್ಚು ಜನ. ಬಡ ಕೂಲಿಕಾರರ ಈ ಸಾವುಗಳನ್ನು ಯಾರೂ ಹಗುರವಾಗಿ ನೆನೆಯಬಾರದು. ಆದರೆ ಅವರನ್ನು ಕೊಂದದ್ದು ಲಾಭಕ್ಕಾಗಿ ಸಾರಾಯಿಗೆ ಬೆರೆಸಿದ ಮೆಥನಾಲ್ ಎಂಬ ಕೈಗಾರಿಕಾ ರಾಸಾಯನಿಕ. ಪರವಾನಗಿ ಪಡೆದ ಅಂಗಡಿಯಲ್ಲಿ ತೆರಿಗೆ ಕಟ್ಟಿ ಕೊಂಡ ಮದ್ಯದಲ್ಲಿ ಕಾಯಿಯನ್ನು ಮುಳುಗಿಸಿಟ್ಟರೆ ಅಲ್ಲಿ ಹುಳಿಯುವುದೂ ಇಲ್ಲ, ಬಟ್ಟಿ ಇಳಿಯುವುದೂ ಇಲ್ಲ, ಮೆಥನಾಲ್ ಹೊಸದಾಗಿ ಬಂದು ಗುಡ್ಡೆಬೀಳುವ ದಾರಿಯೂ ಇಲ್ಲ. ಎರಡನ್ನೂ ಒಂದೇ ಭಯದಿಂದ ನೋಡುವುದರಿಂದ ಯಾರ ಜೀವವೂ ಉಳಿಯುವುದಿಲ್ಲ.

ನಮ್ಮ ಕಾನೂನು ಕೂಡ ಆ ಭೇದ ಮಾಡುವುದಿಲ್ಲ. 1965ರ ಕರ್ನಾಟಕ ಅಬಕಾರಿ ಕಾಯಿದೆ ಬಟ್ಟಿ ಇಳಿಸುವುದರ ಜೊತೆಗೆ ಮದ್ಯಕ್ಕೆ ರುಚಿ ಕೂಡಿಸುವುದು, ಬೆರೆಸುವುದು, ಬಣ್ಣ ಕಟ್ಟುವುದನ್ನೂ ತಯಾರಿಕೆಯೆಂದೇ ಎಣಿಸುತ್ತದೆ, ತಯಾರಿಕೆಗೆ ಪರವಾನಗಿ ಬೇಕು. ಕಾಯಿದೆ ಇರುವವರೆಗೆ ಅದನ್ನು ಪಾಲಿಸಬೇಕು. ಆದರೆ ಮಾರಾಟದ ಉದ್ದೇಶವಿಲ್ಲದೆ, ತೆರಿಗೆ ಕಟ್ಟಿದ ಮದ್ಯದಲ್ಲಿ ಕಾಯಿಯನ್ನೋ ಹಣ್ಣನ್ನೋ ನೆನೆಹಾಕುವ ಮನೆಯನ್ನು ಕಳ್ಳಭಟ್ಟಿಯವರ ಸಾಲಿನಿಂದ ಹೊರಗಿಡುವ ಒಂದು ಸಾಲಿನ ತಿದ್ದುಪಡಿಗೆ ನಾನು ಒತ್ತಾಯಿಸುತ್ತೇನೆ. ಇಟಲಿಯಲ್ಲಿ ಲಿಕ್ಯೂರಿಗೆಂದೇ ಶೇ. 95ರ ಶುದ್ಧ ಮದ್ಯಸಾರ ಸಾಮಾನ್ಯ ಸೂಪರ್‌ಮಾರ್ಕೆಟ್ಟಿನಲ್ಲೇ ಸಿಗುತ್ತದೆ.

ಕ್ಯಾಲಿಫೋರ್ನಿಯದ ಅಕ್ರೋಟು ತೋಟಗಳ ನಡುವೆ ಬದುಕುವ ಕನ್ನಡಿಗರೋ, ಕಾನೂನು ಅಡ್ಡಬಾರದ ಬೇರೆಡೆ ಇರುವವರೋ ವೋಡ್ಕಾದಲ್ಲಿ ನೊಚೀನೊ ಮಾಡಹೊರಟಾಗ ಮಾಡುವ ದೊಡ್ಡ ತಪ್ಪು ಮೊಡೆನಾದ ಅಳತೆಯನ್ನು ಹಾಗೇ ಎತ್ತಿಕೊಳ್ಳುವುದು. ಲೆಕ್ಕ ಹಾಕಿ ನೋಡೋಣ. ನಮ್ಮ ದೇಶದ ವೋಡ್ಕಾದ ಬಲ ಸಾಮಾನ್ಯವಾಗಿ ಶೇ. 42.8, ಹೊರದೇಶಗಳಲ್ಲಿ ಶೇ. 40. ಒಂದು ಲೀಟರ್ 42.8ರ ವೋಡ್ಕಾಕ್ಕೆ ಒಂದು ಕಿಲೊ ಕಾಯಿ ಹಾಕಿದರೆ ಕಾಯಿಯಿಂದ ಇಳಿಯುವ ನೀರು ಸುಮಾರು 800 ಮಿಲಿಲೀಟರ್. 800 ಗ್ರಾಂ ಸಕ್ಕರೆ ಕರಗಿ ಆಕ್ರಮಿಸುವ ಜಾಗ 500 ಮಿಲಿಲೀಟರ್. 428 ಮಿಲಿಲೀಟರ್ ಮದ್ಯಸಾರ ಈಗ 2.3 ಲೀಟರಿನಲ್ಲಿ ಹರಡಿಕೊಂಡು ಬಲ ಶೇ. 19ಕ್ಕೆ ಕುಸಿಯುತ್ತದೆ. ಅದು ನೊಚೀನೊವೂ ಅಲ್ಲ, ಚೆನ್ನಾಗಿ ಬಾಳುವುದೂ ಇಲ್ಲ. ಕಾಯಿಯನ್ನು 300 ಗ್ರಾಮಿಗೆ, ಸಕ್ಕರೆಯನ್ನು 200 ಗ್ರಾಮಿಗೆ ಇಳಿಸಿದರೆ ಒಟ್ಟು 1.36 ಲೀಟರಿನಷ್ಟಾಗಿ ಬಲ ಶೇ. 31ರ ಮೇಲೆ ನಿಲ್ಲುತ್ತದೆ, ಸಕ್ಕರೆಯೂ ಲೀಟರಿಗೆ 140 ಗ್ರಾಂ ದಾಟುತ್ತದೆ. ಶೇ. 40ರ ವೋಡ್ಕಾ ಆದರೆ ಕಾಯಿಯನ್ನು 250 ಗ್ರಾಮಿಗೆ ಇಳಿಸಿ. ಆಸ್ಪತ್ರೆಯ ಸ್ಪಿರಿಟ್, ಬಣ್ಣ ತೆಳುಮಾಡುವ ಸ್ಪಿರಿಟ್ ಯಾವ ಕಾರಣಕ್ಕೂ ಬೇಡ. ಅವುಗಳಲ್ಲಿ ಕುಡಿಯಬಾರದೆಂದೇ ವಿಷ ಬೆರೆಸಿರಬಹುದು.

ನಮ್ಮ ದೇಶದಲ್ಲೇ ಕಾಶ್ಮೀರ, ಹಿಮಾಚಲ, ಉತ್ತರಾಖಂಡಗಳ ಇಳಿಜಾರುಗಳಲ್ಲಿ ಅಕ್ರೋಟಿನ ಮರಗಳಿವೆ, ಅವುಗಳ ಬಹುಪಾಲು ಕಾಶ್ಮೀರದಲ್ಲಿ. ಬೆಂಗಳೂರಿನ ಅಂಗಡಿಗೆ ಬರುವುದು ಓಡು ಬಲಿತು ಒಣಗಿದ್ದು ಮಾತ್ರ, ಜೂನಿನ ಹಸಿರು ಕಾಯಿ ಬರುವುದಿಲ್ಲ. ಆ ಕಾಯಿಗೂ ಒಂದು ಬೆಲೆ ಇದೆಯೆಂಬುದು ವ್ಯಾಪಾರಿಗಳ ಗಮನಕ್ಕೇ ಬಂದಂತಿಲ್ಲ. ಅರ್ಮೇನಿಯದವರು ಅದನ್ನು ಸಕ್ಕರೆ ಪಾಕದಲ್ಲಿ ಮುರಬ್ಬ ಮಾಡುತ್ತಾರೆ, ಗ್ರೀಕರೂ ಹಾಗೇ, ಇಂಗ್ಲಿಷರು ವಿನೆಗರಿನಲ್ಲಿ ಉಪ್ಪಿನಕಾಯಿ ಹಾಕುತ್ತಾರೆ. ಲಿಕ್ಯೂರಿಗೆ ಕಾನೂನು ದಾರಿ ಕೊಡುವವರೆಗೆ, ಹಿಮಾಚಲದ ಯಾವುದಾದರೂ ರೈತ ಸಂಘ ಜೂನ್ ತಿಂಗಳಲ್ಲಿ ಸೂಜಿ ಚುಚ್ಚಿ ಪರೀಕ್ಷಿಸಿದ ಹಸಿರು ಕಾಯಿಗಳನ್ನು ದಕ್ಷಿಣಕ್ಕೆ ಕಳಿಸಿದರೆ ಮುರಬ್ಬವನ್ನಾದರೂ ನಮ್ಮ ಅಡುಗೆಮನೆಗಳು ಮಾಡಬಲ್ಲವು. ಅದಕ್ಕೆ ಯಾವ ಪರವಾನಗಿಯೂ ಬೇಡ.